ಯಾವೂರಾಯ್ತು?

ಹೆಸರೇನೆಂದು ಕೇಳುವುದಕ್ಕೆ ಮೊದಲು ಊರು ಯಾವುದೆಂದು ಕೇಳುವುದು ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಈ ಮೂರು ತಾಲ್ಲೂಕುಗಳ ಸನಾತನ ಶಿಷ್ಟಾಚಾರ. ಬಸ್ಸಿನಲ್ಲಿ ಪಕ್ಕಕ್ಕೆ ಬಂದು ಕುಳಿತ ಅಪರಿಚಿತನು ಕವಳದ ಸಂಚಿಯನ್ನು ಬಿಚ್ಚಿ, ಎಲೆಯ ತೊಟ್ಟು ಮುರಿದು, ಸುಣ್ಣ ಸವರಿ, ಆ ವಿಧಿಯೆಲ್ಲವೂ ಸಾಂಗವಾಗಿ ನೆರವೇರಿ ಬಾಯಿ ತುಂಬುವುದರೊಳಗಾಗಿ ‘ಯಾವೂರಾಯ್ತು?’ ಎಂದು ವಿಚಾರಿಸದೆ ಹೋದರೆ, ಅವನು ಬಯಲುಸೀಮೆಯವನಾಗಿರಬೇಕು, ಇಲ್ಲವೆ ನಮ್ಮ ಊರನ್ನೂ ಮನೆಯನ್ನೂ ಮೊದಲೇ ಬಲ್ಲ ಸಾಲ ಕೊಟ್ಟ ಮಹಾಶಯನಾಗಿರಬೇಕು. ಊರೊಂದನ್ನು ಹೇಳಿದರೆ ಸಾಲದು. ಅದರಲ್ಲಿ ಮೇಲಿನಮನೆಯೋ ಕೆಳಗಿನಮನೆಯೋ, ಹೊಳೆಯ ಆಚೆಯೋ ಈಚೆಯೋ, ಹೆಣ್ಣು ತಂದದ್ದು ಎಲ್ಲಿಂದ, ಕೊಟ್ಟದ್ದು ಎಲ್ಲಿಗೆ ಎಂಬಿವೆಲ್ಲ ಇತ್ಯರ್ಥವಾಗಬೇಕು. ಹೆಸರು ಕಟ್ಟಕಡೆಯ ಮಾತು. ಇಳಿಯುವ ಹೊತ್ತಿಗೆ ನೆನಪಾದರೆ ಕೇಳಿದರಾಯಿತು, ಮರೆತರೆ ನಷ್ಟವೇನೂ ಇಲ್ಲ. ಒಂದೊಂದು ಗುಡ್ಡದ ಬುಡಕ್ಕೆ ಒಂದೊಂದೇ ಮನೆಯಿರುವ ಈ ಸೀಮೆಯಲ್ಲಿ ಮಂಜಪ್ಪ, ತಿಮ್ಮಪ್ಪ, ಸುಬ್ಬರಾಯರೆಂಬ ಬೆರಳೆಣಿಕೆಯ ಹೆಸರುಗಳನ್ನೇ ತಲೆತಲಾಂತರದಿಂದ ಎಲ್ಲರೂ ಹಂಚಿಕೊಂಡು ಬಂದಿರುವುದರಿಂದ, ಬರಿಯ ಹೆಸರಿನಿಂದ ಮನುಷ್ಯನನ್ನು ಗುರುತಿಸಲು ಹೊರಟವನು ಸಂಜೆಯೊಳಗೆ ಮನೆ ಸೇರುವುದು ದುಸ್ಸಾಧ್ಯ.

ಹಾಗೆಂದು ಊರುಗಳ ಹೆಸರೇನೂ ಘನವಾದುವಲ್ಲ. ತಾಲ್ಲೂಕು ಕಚೇರಿಯನ್ನೂ ನ್ಯಾಯಾಲಯವನ್ನೂ ಇಟ್ಟುಕೊಂಡು ಗಂಭೀರವಾಗಿ ಕುಳಿತಿರುವ ಕೊಪ್ಪಕ್ಕೆ ನಿಘಂಟುಕಾರರು ಕೊಟ್ಟಿರುವ ಅರ್ಥ ಚಿಕ್ಕ ಹಳ್ಳಿ ಎಂದಷ್ಟೆ. ಮುತ್ತಿನಕೊಪ್ಪ, ಶೆಟ್ಟಿಕೊಪ್ಪಗಳೂ ಅದೇ ವಂಶದವು. ಗದ್ದೆ, ಮಕ್ಕಿ, ಬೈಲು, ಹಕ್ಕಲು, ಕೊಡಿಗೆ ಎಂಬ ನಾಲ್ಕಾರು ಪ್ರತ್ಯಯಗಳಲ್ಲಿ ನಮ್ಮ ಭೂಗೋಳಶಾಸ್ತ್ರವೆಲ್ಲ ಪರಿಸಮಾಪ್ತಿಯಾಗುತ್ತದೆ. ಈ ಬಡ ನಾಮಾವಳಿಯ ನಡುವೆ ರಾಜಠೀವಿಯಿಂದ ನಿಂತಿರುವುದು ನರಸಿಂಹರಾಜಪುರವೊಂದೇ. ಅದರ ಪೂರ್ವಾಶ್ರಮದ ಹೆಸರು ಎಡೇಹಳ್ಳಿ. ನಾಲ್ವಡಿ ಕೃಷ್ಣರಾಜ ಒಡೆಯರ ತಮ್ಮಂದಿರಾದ ಯುವರಾಜ ಕಂಠೀರವ ನರಸಿಂಹರಾಜ ಒಡೆಯರು ಅಲ್ಲಿಗೆ ಚಿತ್ತೈಸಿದುದರ ಸ್ಮರಣಾರ್ಥವಾಗಿ 1915ರಲ್ಲಿ ಈ ಬಿರುದು ಅದಕ್ಕೆ ಪ್ರಾಪ್ತವಾಯಿತು. ಆದರೆ ಪ್ರಜೆಗಳ ನಾಲಗೆ ಅರಮನೆಯ ಅಪ್ಪಣೆಗೆ ಎಂದು ತಾನೆ ಬಗ್ಗಿದೆ? ಎಂಟಕ್ಷರದ ಆ ಮಹಾನಾಮವನ್ನು ಅವರು ಅತ್ಯಂತ ವಿನಯದಿಂದ ಸ್ವೀಕರಿಸಿ, ಮಹಾರಾಜಕುಮಾರನನ್ನು ಎರಡು ಇಂಗ್ಲಿಷ್ ಅಕ್ಷರಗಳಿಗೆ ಇಳಿಸಿ, ‘ಎನ್ನಾರ್ಪುರ’ವೆಂದು ಮಾಡಿಕೊಂಡರು. ಇಂದು ಯಾವ ಹುಡುಗನನ್ನಾದರೂ ನಿಲ್ಲಿಸಿ ಈ ಎನ್ನಾರ್ ಯಾರಪ್ಪ ಎಂದು ಕೇಳಿದರೆ, ಯಾವುದೋ ಅಡಿಕೆ ಮಂಡಿಯ ಸಾಹುಕಾರರಿರಬೇಕೆಂದು ಹೇಳಿಯಾನು. ಎಡೇಹಳ್ಳಿಗೂ ನಾಲ್ಕಕ್ಷರ, ಎನ್ನಾರ್ಪುರಕ್ಕೂ ನಾಲ್ಕಕ್ಷರ. ಇಷ್ಟು ಶ್ರಮದ ಫಲವಾಗಿ ಊರು ಇದ್ದಲ್ಲಿಗೇ ಬಂದು ನಿಂತಿತು.

ಊರು ಮುಂದೆ ಮನುಷ್ಯ ಹಿಂದೆ ಎಂಬ ಈ ಧರ್ಮವನ್ನು ಸಾಹಿತ್ಯದಲ್ಲಿ ಸ್ಥಾಪಿಸಿದವರು ಕುವೆಂಪು. ಕುಪ್ಪಳಿ ಎಂಬ ಊರು ಮೊದಲು, ವೆಂಕಟಪ್ಪನವರೆಂಬ ತಂದೆ ಆಮೇಲೆ, ಪುಟ್ಟಪ್ಪನವರೆಂಬ ತಾವು ಎಲ್ಲರಿಗಿಂತ ಕೊನೆಯಲ್ಲಿ; ನಮ್ಮ ಬಸ್ಸಿನ ಪ್ರಶ್ನಾವಳಿಗೆ ಕ್ರಮ ತಪ್ಪದೆ ಕೊಟ್ಟ ಉತ್ತರದಂತಿದೆ ಆ ಕಾವ್ಯನಾಮ. ಆದರೂ ಕೊಪ್ಪದ ಸೀಮೆಯವನಾದ ನನಗೆ ಅದರ ಮೇಲೊಂದು ಹಳೆಯ ದೂರುಂಟು. 1904ನೆಯ ಇಸವಿಯ ಡಿಸೆಂಬರ್ 29ರಂದು ಅವರು ಜನಿಸಿದ್ದು ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿಯಲ್ಲಲ್ಲ, ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ, ತಾಯಿ ಸೀತಮ್ಮನವರ ತವರಿನಲ್ಲಿ. ಬಾಣಂತನದ ಬಿಸಿನೀರು ಕಾಯಿಸಿದ್ದು ನಾವು, ಅಕ್ಷರ ದೊರೆತದ್ದು ತೀರ್ಥಹಳ್ಳಿಯವರಿಗೆ! ಆಗುಂಬೆ ಘಟ್ಟವನ್ನು ಇಳಿದರೆ ಸಾಕು, ತಾಯಿಯ ಕಡೆಯಿಂದ ಮನೆತನವೆಣಿಸುವ ಅಳಿಯಸಂತಾನದ ಪದ್ಧತಿ ಬಹಳ ಕಾಲ ನಡೆದುಬಂದ ನಾಡು. ಆ ಪದ್ಧತಿ ಕಷ್ಟಪಟ್ಟು ಘಟ್ಟವೇರಿ ಇತ್ತ ಬಂದಿದ್ದ ಪಕ್ಷದಲ್ಲಿ ಹಿರೇಕೊಡಿಗೆ ಸೀತಮ್ಮ ಪುಟ್ಟಪ್ಪನವರು ‘ಹಿಸೀಪು’ ಎಂಬ ನಾಮದಿಂದ ವಿಖ್ಯಾತರಾಗುತ್ತಿದ್ದರು. ಇದನ್ನು ನಾಲ್ಕಾರು ಸಲ ಗಟ್ಟಿಯಾಗಿ ಉಚ್ಚರಿಸಿ ನೋಡಿದಮೇಲೆ ದೂರನ್ನು ಹಿಂದಕ್ಕೆ ಪಡೆಯುವುದೇ ಲೇಸೆಂದು ನನಗೆ ತೋರಿದೆ.

ತಾರುಣ್ಯದಲ್ಲಿ ಅವರು ‘ಕಿಶೋರಚಂದ್ರವಾಣಿ’ ಎಂಬ ಹೆಸರಿನಿಂದಲೂ ಬರೆದದ್ದುಂಟು. 1922ರಲ್ಲಿ ‘ಬಿಗಿನರ್ಸ್ ಮ್ಯೂಸ್’ ಎಂದು ಇಂಗ್ಲಿಷ್ ಕವನಗಳ ಪುಸ್ತಿಕೆಯನ್ನೂ ಅಚ್ಚು ಹಾಕಿಸಿದ್ದರು. ನಿಮ್ಮ ನುಡಿಯಲ್ಲೇ ಬರೆಯಿರೆಂದು ಅವರಿಗೆ ಬುದ್ಧಿ ಹೇಳಿದವರು ಐರಿಷ್ ಕವಿ ಜೇಮ್ಸ್ ಕಸಿನ್ಸ್. ಕಸಿನ್ಸ್ ಎಂದರೆ ದಾಯಾದಿಯೆಂಬ ಅರ್ಥದಿಂದ ಹುಟ್ಟಿದ ಮನೆತನದ ಹೆಸರು. ದಾಯಾದಿಯೊಬ್ಬನು ಸತ್ಪರಾಮರ್ಶೆಯನ್ನು ನೀಡಿದ ದೃಷ್ಟಾಂತ ನಮ್ಮ ಮೂರು ತಾಲ್ಲೂಕುಗಳ ಸಿವಿಲ್ ದಾವೆಗಳ ಚರಿತ್ರೆಯಲ್ಲಿ ದೊರೆಯುವುದು ದುರ್ಲಭವಾದುದರಿಂದ, ಕನ್ನಡಿಗರೆಲ್ಲರೂ ಇದನ್ನು ವಿಶೇಷವಾಗಿ ನೆನೆಯತಕ್ಕದ್ದಾಗಿದೆ. ಆ ಮಹಾನುಭಾವರು ಮುಂದೆ ಹಿಂದೂಧರ್ಮವನ್ನು ಸ್ವೀಕರಿಸಿ ಜಯರಾಮ ಕಸಿನ್ಸ್ ಆದರು. ಇತ್ತ ‘ಪುಟ್ಟ’ ಎಂಬ ಅತ್ಯಲ್ಪ ಬಂಡವಾಳದ ಹೆಸರಿನಲ್ಲೇ ರಾಮಾಯಣ ದರ್ಶನದವರೆಗೆ ನಡೆದು ಹೋದ ನಮ್ಮ ಕವಿ, ತಮ್ಮ ಮಕ್ಕಳಿಗೆ ಹೆಸರಿಡುವ ಪ್ರಸಂಗದಲ್ಲಿ ಮಾತ್ರ ಕೈ ಬಿಗಿಹಿಡಿಯಲಿಲ್ಲ. ಒಬ್ಬರಿಗೆ ಪೂರ್ಣಚಂದ್ರ ತೇಜಸ್ವಿ, ಇನ್ನೊಬ್ಬರಿಗೆ ಕೋಕಿಲೋದಯ ಚೈತ್ರ! ಶಾಲೆಯ ಹಾಜರಿಪುಸ್ತಕದ ಗೆರೆಯೊಳಗೆ ಇವನ್ನು ಹಿಡಿಸಬೇಕಾಗಿ ಬಂದ ಮೇಷ್ಟರ ಅವಸ್ಥೆಯನ್ನು ನೆನೆದು ನಾನು ಹಲವು ಬಾರಿ ಮರುಗಿದ್ದೇನೆ.

ಈ ನಾಮಮೀಮಾಂಸೆಯ ಚಪಲ ನನಗಿರುವುದನ್ನು ಬಲ್ಲ ನಮ್ಮಣ್ಣನ ಮಗನೊಬ್ಬ ಇಂಗ್ಲೆಂಡಿನ ಲೀಡ್ಸ್ ನಗರದಲ್ಲಿ ಕಂಪ್ಯೂಟರಿನ ಉದ್ಯೋಗದಲ್ಲಿದ್ದಾನೆ. ಪಾಸ್‌ಪೋರ್ಟಿನ ಅರ್ಜಿಯಲ್ಲಿ ಸರ್‌ನೇಮ್ ಎಂಬ ಕಾಲಮು ಖಾಲಿ ಬಿಡತಕ್ಕದ್ದಲ್ಲವೆಂದು ಎದುರಿಗಿದ್ದ ಗುಮಾಸ್ತರು ಕಟ್ಟಪ್ಪಣೆ ಮಾಡಿದುದರಿಂದ, ಅಜ್ಜನ ಕಾಲದಿಂದ ಇನಿಷಿಯಲ್ಲಿನ ಮರೆಯಲ್ಲಿ ಸುಖವಾಗಿ ನಿದ್ರಿಸುತ್ತಿದ್ದ ‘ಹಡ್ಲುಗದ್ದೆ’ ಎಂಬ ನಮ್ಮ ಮನೆಯ ಹೆಸರು ಇದ್ದಕ್ಕಿದ್ದಂತೆ ಎದ್ದು ಕುಳಿತು ಸಮುದ್ರೋಲ್ಲಂಘನ ಮಾಡಿತು. ಹಡ್ಲೆಂದರೆ ಉಳುಮೆ ಕಾಣದೆ ಹಾಳುಬಿದ್ದ ಗದ್ದೆ. ನಮ್ಮ ಪೂರ್ವಿಕರ ಕೃಷಿಪರಿಶ್ರಮಕ್ಕೆ ಊರವರು ಕೊಟ್ಟ ಪ್ರಶಸ್ತಿಪತ್ರ. ಅಲ್ಲಿನ ಸಹೋದ್ಯೋಗಿಗಳಿಗೆ ಅದು ನಾಲಗೆಯ ಮೇಲೆ ನಿಲ್ಲದೆ, ಎರಡೇ ವಾರದಲ್ಲಿ ಅವನು ಮಿಸ್ಟರ್ ಹ್ಯಾಡ್ಲಿಯಾದ. ಹ್ಯಾಡ್ಲಿ ಎಂಬ ಮನೆತನಗಳು ಅಲ್ಲಿ ನಿಜಕ್ಕೂ ಉಂಟು. ಕುರುಚಲು ಬೆಳೆದ ಬೀಳುನೆಲದ ಬಳಿ ಕಾಡು ಕಡಿದು ಮಾಡಿದ ಬಯಲೆಂಬುದು ಅದರ ನಿಷ್ಪತ್ತಿ. ಹಾಳು ಭೂಮಿಗೆ ಹಾಳು ಭೂಮಿ ಸರಿಹೋಯಿತು. ಖಾತೆ ಬದಲಾವಣೆಯ ಶುಲ್ಕವೂ ತಗಲಲಿಲ್ಲ.

ಆ ಹುಡುಗ ಕಳುಹಿಸಿದ ಪುಸ್ತಕದಿಂದ ನನಗೆ ಪರಿಚಯವಾದವರು ಸೈಮನ್ ಆರ್ಮಿಟೇಜ್. ಇವರು 1963ರಲ್ಲಿ ಯಾರ್ಕ್‌ಷೈರಿನ ಹಡರ್ಸ್‌ಫೀಲ್ಡಿನಲ್ಲಿ ಹುಟ್ಟಿ, ಮಾರ್ಸ್‌ಡನ್ ಎಂಬ ಗುಡ್ಡದೂರಿನಲ್ಲಿ ಬೆಳೆದು, 2019ರಲ್ಲಿ ಬ್ರಿಟನ್ನಿನ ರಾಜಕವಿಯಾದವರು. ಹದಿನಾಲ್ಕನೆಯ ಶತಮಾನದ ‘ಸರ್ ಗವೈನ್ ಮತ್ತು ಹಸುರು ವೀರ’ನ ಕಥನಕಾವ್ಯವನ್ನು 2007ರಲ್ಲಿ ಇಂದಿನ ಇಂಗ್ಲಿಷಿಗೆ ತಂದವರು. ಅವರ ಮನೆತನದ ಹೆಸರಿನ ಮೂಲವನ್ನು ಹುಡುಕಿ ಹೊರಟವನಿಗೆ ಕೊನೆಗೆ ಸಿಕ್ಕುವುದು ‘ಹರ್ಮಿಟೇಜ್’, ಅಂದರೆ ತಪಸ್ವಿಯ ಆಶ್ರಮ. ಹಡರ್ಸ್‌ಫೀಲ್ಡಿನ ಪಕ್ಕದಲ್ಲೇ ಆರ್ಮಿಟೇಜ್ ಬ್ರಿಜ್ ಎಂಬ ಊರಿದೆ. ಯಾವನೋ ಏಕಾಂತವಾಸಿ ಅಲ್ಲೊಂದು ಗುಡಿಸಲು ಹಾಕಿದ್ದಿರಬೇಕು, ಅವನ ತಪಸ್ಸು ಏನಾಯಿತೋ, ಸುತ್ತಣ ಜನಕ್ಕೆ ಮಾತ್ರ ‘ಆಶ್ರಮದವರು’ ಎಂಬ ಹೆಸರು ಉಳಿಯಿತು. ಕವಿಗಳೆಂದ ಮಾತ್ರಕ್ಕೆ ಎಲ್ಲರಿಗೂ ಇಷ್ಟು ಪವಿತ್ರವಾದ ಮೂಲ ದೊರೆಯುವುದಿಲ್ಲ. ಲಾರ್ಡ್ ಬೈರನ್ನನ ಹೆಸರಿನ ತಳವನ್ನು ಅಗೆದರೆ ದನದ ಕೊಟ್ಟಿಗೆಯ ಬಳಿಯವನು ಎಂದು ಹೊರಡುತ್ತದೆ. ಅರ್ಧ ಯೂರೋಪಿನ ಸುಂದರಿಯರ ನಿದ್ದೆ ಕೆಡಿಸಿದ ಆ ಪುರುಷನು ನಮ್ಮಲ್ಲಿ ಹುಟ್ಟಿದ್ದರೆ ‘ಕೊಟ್ಟಿಗೆಮನೆ ಜಾರ್ಜಪ್ಪ’ನಾಗಿ ಹಾಲಿನ ಡೈರಿಯ ಮುಂದೆ ಸಾಲಿನಲ್ಲಿ ನಿಲ್ಲುತ್ತಿದ್ದನು. ಇನ್ನು, ಸ್ಟಾಫರ್ಡ್‌ಷೈರಿನಲ್ಲಿ ಆರ್ಮಿಟೇಜ್ ಎಂಬ ಇನ್ನೊಂದು ಹಳ್ಳಿಯಿದ್ದು, ಅಲ್ಲಿ ಶೌಚಾಲಯದ ಪಿಂಗಾಣಿ ಸಾಮಗ್ರಿಯ ಪ್ರಸಿದ್ಧ ಕಾರ್ಖಾನೆಯುಂಟಾದುದರಿಂದ, ರಾಜಕವಿಯ ಮನೆತನದ ಹೆಸರನ್ನು ಬ್ರಿಟನ್ನಿನ ಪ್ರಜೆಗಳು ಪುಸ್ತಕದಲ್ಲಿ ಓದುವುದಕ್ಕಿಂತ ಹೆಚ್ಚಾಗಿ ಅನ್ಯತ್ರ, ಪಿಂಗಾಣಿಯ ಮೇಲೆ ಓದುತ್ತಾರೆ. ಏಕಾಂತವಾಸವೆಂಬ ಮೂಲಾರ್ಥಕ್ಕೆ ಕವಿಗಿಂತ ಪಿಂಗಾಣಿಯೇ ಹೆಚ್ಚು ನಿಷ್ಠವಾಗಿ ನಡೆದುಕೊಂಡಿದೆಯೆಂಬುದನ್ನು ಯಾವ ಭಾಷಾಶಾಸ್ತ್ರಜ್ಞನೂ ಅಲ್ಲಗಳೆಯಲಾರನು.

ಆಶ್ರಮದ ಹೆಸರು ಹೊತ್ತ ಊರೆಂದರೆ ನಮಗೆ ದೂರ ಹೋಗಬೇಕಾದ್ದಿಲ್ಲ. ಋಷ್ಯಶೃಂಗಗಿರಿ ಸವೆದು ಶೃಂಗಗಿರಿಯಾಗಿ, ಶೃಂಗಗಿರಿ ಸವೆದು ಶೃಂಗೇರಿಯಾಯಿತೆಂಬುದು ಪ್ರತೀತಿ. ತಲೆಯ ಮೇಲೆ ಕೋಡಿದ್ದ ಆ ಮುನಿಯ ಪಾಲಿಗೆ ಈಗ ಉಳಿದಿರುವುದು ಕೋಡೊಂದೇ, ಋಷಿ ಎಂದೋ ಉದುರಿಹೋಗಿದ್ದಾನೆ. ಅವನ ತಂದೆ ವಿಭಾಂಡಕರ ನೆನಪು ಊರ ನಡುವಿನ ಗುಡ್ಡದ ಮೇಲೆ ಮಲಹಾನಿಕರೇಶ್ವರನ ಗುಡಿಯಲ್ಲಿದೆ. ಮಗನ ಗುಡಿ ಕಿಗ್ಗದಲ್ಲಿದೆ. ಮಳೆ ಬಾರದಿದ್ದರೆ ಬರಲೆಂದೂ, ಬಂದದ್ದು ಅತಿಯಾದರೆ ನಿಲ್ಲಲೆಂದೂ ಅದೇ ದೇವರಿಗೆ ಪೂಜೆ. ಕೋಡಿನ ಮುನಿಗೆ ವರ್ಷವೆಲ್ಲ ಬಿಡುವಿಲ್ಲ. ಮಾರ್ಸ್‌ಡನ್ನಿನದೂ ಮಳೆಯ ಸೀಮೆಯೇ ಅಂತೆ. ಅಲ್ಲಿಂದ ಮುಂದಕ್ಕೆ ಹಬ್ಬಿದ ಗುಡ್ಡಗಳ ಬಂಡೆಗಳ ಮೇಲೆ ಆರ್ಮಿಟೇಜರ ಕವಿತೆಗಳನ್ನು ಕೆತ್ತಿಸಿ ನಿಲ್ಲಿಸಿದ್ದಾರೆ: ಮಳೆಗೊಂದು, ಹಿಮಕ್ಕೊಂದು, ಮಂಜಿಗೊಂದು, ಇಬ್ಬನಿಗೊಂದು, ಹಳ್ಳಕ್ಕೊಂದು, ಹೊಂಡದಲ್ಲಿ ನಿಂತ ನೀರಿಗೂ ಒಂದು. ‘ಆಶ್ರಮದವರು’ ಮಳೆಯ ಇಲಾಖೆಯನ್ನೇ ವಹಿಸಿಕೊಳ್ಳುವುದು ಎರಡು ಖಂಡಗಳಲ್ಲೂ ಹೀಗೆ ನಡೆದುಬಂದಿರುವುದು ಕಾಕತಾಳೀಯವೆಂದು ವಿಚಾರವಾದಿಗಳು ಹೇಳಬಹುದು. ಆಷಾಢದಲ್ಲಿ ಕಿಗ್ಗದಿಂದ ಶೃಂಗೇರಿಗೆ ಕೊಡೆಯಿಲ್ಲದೆ ಬಂದವನು ಹೇಳಲಾರನು.

ಊರನ್ನು ಬಿಟ್ಟು ಬದುಕುತ್ತೇನೆಂದು ಹೊರಟವರನ್ನೂ ಊರು ಬಿಡುವುದಿಲ್ಲ. ಸಂನ್ಯಾಸ ಸ್ವೀಕರಿಸಿದವನು ಮನೆ, ಮನೆತನ, ಇನಿಷಿಯಲ್ಲುಗಳನ್ನು ತುಂಗೆಯಲ್ಲಿ ಬಿಟ್ಟು ಎದ್ದು ಬರುತ್ತಾನೆ ನಿಜ. ಆದರೆ ಶಂಕರ ಸಂಪ್ರದಾಯದ ದಶನಾಮಗಳನ್ನು ಎಣಿಸಿ ನೋಡಿದರೆ ವನ, ಅರಣ್ಯ, ಗಿರಿ, ಪರ್ವತ, ಸಾಗರ ಎಂದು ಅರ್ಧಕ್ಕರ್ಧ ಭೂಗೋಳವೇ. ಗದ್ದೆಯನ್ನು ತ್ಯಜಿಸಿದವನಿಗೆ ಅರಣ್ಯವನ್ನೇ ಬರೆದುಕೊಟ್ಟಂತಾಯಿತು. ಭಾಷಾಂತರಕಾರರೂ ಹೀಗೆಯೇ, ಮೊದಲು ಅವರು ಕೈಹಾಕುವುದು ಊರಿಗೆ. ಇಲಿಗಳ ಕಾಟಕ್ಕೆ ಸಿಕ್ಕಿದ ಬ್ರೌನಿಂಗ್ ಕವಿಯ ಜರ್ಮನ್ ಪಟ್ಟಣವನ್ನು ಎತ್ತಿ ತಂದು ಕುವೆಂಪು ತುಂಗೆಯ ದಡದ ಬೊಮ್ಮನಹಳ್ಳಿ ಮಾಡಿದರು. ಹ್ಯಾಮ್ಲೆಟ್ಟನ ಡೆನ್ಮಾರ್ಕು ‘ರಕ್ತಾಕ್ಷಿ’ಯಲ್ಲಿ ಬಿದನೂರಾಯಿತು. ಇಲಿಗಳೆಲ್ಲ ನಮ್ಮವೇ ಆದಮೇಲೆ ಕಥೆ ನಮ್ಮದಾಗುವುದಕ್ಕೆ ಎಷ್ಟು ಹೊತ್ತು?

ಆರ್ಮಿಟೇಜರು ಅನುವಾದಿಸಿದ ಕಾವ್ಯದಲ್ಲಂತೂ ನಮ್ಮ ಶಿಷ್ಟಾಚಾರವೇ ಎದ್ದು ಕಾಣುತ್ತದೆ. ತಲೆಯಿಂದ ಕಾಲಿನವರೆಗೆ ಹಸುರಾದ ವೀರನೊಬ್ಬ ಆರ್ಥರ್ ರಾಜನ ಸಭೆಗೆ ನುಗ್ಗಿ, ಪಂಥ ಕಟ್ಟಿ, ತನ್ನ ತಲೆಯನ್ನು ಕಡಿಸಿಕೊಂಡು, ಅದನ್ನು ತಾನೇ ಎತ್ತಿಕೊಂಡು ಹೊರಟುಹೋಗುತ್ತಾನೆ. ಅವನು ತನ್ನ ನಿಜವಾದ ಹೆಸರನ್ನು ಊರಿನೊಡನೆ ಕೂಡಿಸಿ ಹೇಳುವುದು ವರ್ಷದ ಮೇಲೆ, ಎಲ್ಲ ಮುಗಿದು ಬೀಳ್ಕೊಡುವ ಹೊತ್ತಿಗೆ. ಇದನ್ನು ರಚಿಸಿದ ಕವಿಯಾದರೋ ಅಷ್ಟನ್ನೂ ಹೇಳಲಿಲ್ಲ. ಶೃಂಗೇರಿಯಲ್ಲಿ ವಿದ್ಯಾಶಂಕರ ದೇವಾಲಯದ ಕಂಬಗಳು ಎದ್ದ ಶತಮಾನದಲ್ಲೇ ಅವನು ಬರೆದದ್ದು. ಒಂದೇ ಒಂದು ಹಸ್ತಪ್ರತಿ ಉಳಿದು ಬಂದಿದೆ, ಅದರಲ್ಲಿ ಹೆಸರಿಲ್ಲ. ಆದರೆ ಅವನ ಮಾತಿನ ಧಾಟಿಯನ್ನು ಹಿಡಿದು ವಿದ್ವಾಂಸರು ಅವನು ಇಂಗ್ಲೆಂಡಿನ ನಡುನಾಡಿನ ವಾಯವ್ಯ ಭಾಗದವನೆಂದು ನಿಷ್ಕರ್ಷೆ ಮಾಡಿದ್ದಾರೆ. ಇದನ್ನು ನಾನು ಸವಿಸ್ತಾರವಾಗಿ ವರ್ಣಿಸುತ್ತಿದ್ದಾಗ ನಮ್ಮ ದೊಡ್ಡಮ್ಮ ಅಂಗಳದಲ್ಲಿ ಕುಳಿತು ಅಡಿಕೆ ಸುಲಿಯುತ್ತಿದ್ದರು. ತಲೆ ಕಡಿದದ್ದಕ್ಕೂ, ಕಡಿದ ತಲೆ ಮಾತಾಡಿದ್ದಕ್ಕೂ ಅವರ ಮೆಟ್ಟುಗತ್ತಿ ನಿಲ್ಲಲಿಲ್ಲ. ಕವಿಯ ಹೆಸರು ಆರುನೂರು ವರ್ಷದಿಂದ ಯಾರಿಗೂ ಗೊತ್ತಾಗಿಲ್ಲವೆಂದಾಗ ನಿಂತಿತು.

‘ಊರು ಗೊತ್ತಾಗಿದೆ ಅಂತೀಯಲ್ಲ ಮಾರಾಯ,’ ಎಂದರು, ‘ಹೋಗಿ ಕೇಳಿದ್ರೆ ಯಾರಾದ್ರೂ ಹೇಳ್ತಿದ್ರಪ್ಪ. ಯಾಕೆ, ಆ ಕಡೆ ಬಸ್ಸಿಲ್ವಾ?’