ಗುಡ್ಡ ಹತ್ತಿದವರಿಗಷ್ಟೇ ಡಿಜಿಟಲ್ ಇಂಡಿಯಾ

ಬೆಂಗಳೂರಿನ ಕಂಪ್ಯೂಟರಿಗೆ ಕರೆಂಟು ಎಲ್ಲಿಂದ ಬರುತ್ತದೆ ಎಂದು ಕೇಳಿ ನೋಡಿ, ಗೋಡೆಯ ಪ್ಲಗ್ ತೋರಿಸುತ್ತಾರೆ. ರಾಜ್ಯದ ಗ್ರಿಡ್‌ಗೆ ಹರಿಯುವ ವಿದ್ಯುತ್ತಿನಲ್ಲಿ ನಮ್ಮ ಉತ್ತರ ಕನ್ನಡ ಜಿಲ್ಲೆಯ ಜೊಯಿಡಾದ ಪಾಲೂ ಇದೆ. ಸೂಪಾದಲ್ಲಿ 101 ಮೀಟರ್ ಎತ್ತರದ ಅಣೆಕಟ್ಟು ಎದ್ದಿತು, ಹಳ್ಳಿಗಳು ಮುಳುಗಿದವು, ಕಾಳಿ ನದಿಯ ಕರೆಂಟು ತಂತಿ ಹಿಡಿದು ಹೊರಟೇ ಹೋಯಿತು. ಅತ್ತಲಿಂದ ಬರಬೇಕಾದ ಮೊಬೈಲ್ ಸಿಗ್ನಲ್ ಮಾತ್ರ ಇನ್ನೂ ದಾರಿಯಲ್ಲಿದೆ. ಹುಲಿಯ ನಿದ್ದೆ ಕೆಡದಿರಲೆಂದು ನಮ್ಮ ಹುಲಿ ಸಂರಕ್ಷಿತ ಕಾಡಿನಂಚಿನಲ್ಲೇ ನಿಂತಿರಬೇಕು, ಪಾಪ.

ಕೊರೊನಾ ಕಾಲದಲ್ಲಿ ಶಾಲೆ ಮೊಬೈಲಿನೊಳಗೆ ಹೋಯಿತು, ಮಕ್ಕಳು ಗುಡ್ಡದ ಮೇಲೆ ಹೋದರು. ಹಿಂದೆಯೂ ನಮ್ಮ ಕಡೆಯವರು ದಿಬ್ಬದ ಮೇಲೆ ನಿಂತು 'ಕೂ' ಹೊಡೆದರೆ ಆಚೆ ಮನೆಯವರಿಗೆ ಕೇಳುತ್ತಿತ್ತು. ಈಗಲೂ ಹತ್ತುತ್ತೇವೆ, ಈಗಲೂ ಕೂಗುತ್ತೇವೆ: "ಹಲೋ, ಕೇಳಸ್ತದಾ?" ಆಗಿನ ಕೂಗಿಗೆ ರೀಚಾರ್ಜ್ ಬೇಕಿರಲಿಲ್ಲ, ಉತ್ತರವೂ ಬರುತ್ತಿತ್ತು.

ರೇಷನ್ ಅಂಗಡಿಯವನಿಗೆ ಅಜ್ಜಿಯ ಮೂರು ತಲೆಮಾರು ಗೊತ್ತು. ಕಂಪ್ಯೂಟರ್ ಸರ್ವರ್‌ಗೆ ಅವಳ ಗುರುತಿಲ್ಲ. ಗದ್ದೆ ಕೆಲಸದಲ್ಲಿ ಸವೆದ ಬೆರಳನ್ನು ಯಂತ್ರ ಒಪ್ಪುವುದಿಲ್ಲ. ಓದು ಬಾರದವರನ್ನು ಹೆಬ್ಬೆಟ್ಟು ಎಂದು ಹೀಯಾಳಿಸಿದ ದೇಶ ಈಗ ಡಬಲ್ ಡಿಗ್ರಿಯವರಿಂದಲೂ ಹೆಬ್ಬೆಟ್ಟು ಒತ್ತಿಸುತ್ತಿದೆ. ಕಂಪ್ಯೂಟರ್ ಬಂದರೆ ಕಾಗದ ಮಾಯ ಎಂದವರು ದಾಂಡೇಲಿಗೆ ಬರಲಿ. 1955ರಲ್ಲಿ ಹುಟ್ಟಿದ ವೆಸ್ಟ್ ಕೋಸ್ಟ್ ಪೇಪರ್ ಮಿಲ್ ಇನ್ನೂ ಕಾಗದ ಮಾಡುತ್ತಲೇ ಇದೆ. ಆನ್‌ಲೈನ್ ಅರ್ಜಿಗೆ ಪ್ರಿಂಟು ಬೇಕು, ಪ್ರಿಂಟಿಗೆ ಜೆರಾಕ್ಸು ಬೇಕು, ಜೆರಾಕ್ಸಿಗೆ ಸಹಿ ಬೇಕು. ಇತ್ತ ಹಳಿಯಾಳದಲ್ಲಿ ಕಂಪ್ಯೂಟರ್ ಇಂಜಿನಿಯರಿಂಗ್ ಓದಿ ಬೆಂಗಳೂರು ಸೇರಿದ ಮಗ, ಯುಗಾದಿಗೆ ಅವ್ವನಿಗೆ ಹೋಳಿಗೆಯ ಸ್ಟಿಕರ್ ಕಳಿಸುತ್ತಾನೆ.

ನಗು ಬಾರದ ಕತೆ ನಮ್ಮದೇ ಜಿಲ್ಲೆಯ ಮುಂಡಗೋಡಿನದು. 1966ರಿಂದ ಅಲ್ಲಿ ನೆಲೆ ಕಂಡ ಟಿಬೆಟನ್ನರಲ್ಲಿ ಅನೇಕರಿಗೆ ತವರಿನ ನೆಂಟರ ದನಿ ಕೇಳಿಸುತ್ತಿದ್ದುದು ಚೀನಾದ ವೀಚಾಟ್ ಆ್ಯಪ್‌ನಲ್ಲಿ. 2020ರ ಜೂನ್ 29ರಂದು ನಮ್ಮ ಸರ್ಕಾರ ವೀಚಾಟ್ ಸೇರಿ 59 ಚೀನೀ ಆ್ಯಪ್‌ಗಳನ್ನು ನಿಷೇಧಿಸಿತು. ಚೀನಾಕ್ಕೆ ಪಾಠ ಕಲಿಸಲು ಹೊರಟ ಏಟು, ಚೀನಾದಿಂದಲೇ ಓಡಿಬಂದವರ ಬೆನ್ನಿಗೆ ಬಿತ್ತು. ಒಂದು ಸರ್ಕಾರ ಅವರ ಮಾತನ್ನು ಕದ್ದು ಕೇಳುತ್ತಿತ್ತು. ಇನ್ನೊಂದು ಮಾತೇ ಇಲ್ಲದಂತೆ ಮಾಡಿತು.

ಜನಪ್ರತಿನಿಧಿಗಳಲ್ಲಿ ಒಂದು ವಿನಂತಿ. ನಮ್ಮೂರಿಗೆ ಟವರ್ ಉದ್ಘಾಟನೆ ಇಟ್ಟುಕೊಂಡರೆ ಆಮಂತ್ರಣವನ್ನು ಅಚ್ಚು ಹಾಕಿಸಿ ಅಂಚೆಗೆ ಹಾಕಿ. ವಾಟ್ಸಾಪಿನಲ್ಲಿ ಕಳಿಸಿದರೆ ನಮಗೆ ಮುಟ್ಟುವುದಿಲ್ಲ.