ಫುಟೇಜ್ ಅಣ್ಣ

ಶಿಕಾರಿಪುರ, ಸೊರಬದ ಕಡೆ ಯಾರಾದರೂ ನಿಮ್ಮ ಮನೆಗೆ ಬಂದು, ಕಾಫಿ ಕುಡಿಯುತ್ತಲೇ ಅಟ್ಟದತ್ತ ಕಣ್ಣು ಹಾಯಿಸುತ್ತಿದ್ದರೆ ಗಾಬರಿಯಾಗಬೇಡಿ. ಅವನು ಕಳ್ಳನಲ್ಲ, ಫುಟೇಜ್ ಅಣ್ಣ.

ಒಂದು ಕಾಲಕ್ಕೆ ಮದುವೆ ವಿಡಿಯೊ ತೆಗೆಯುತ್ತಿದ್ದವನು. ಈಗ ಬೆಂಗಳೂರಿನ ಸಾಕ್ಷ್ಯಚಿತ್ರದವರಿಗೆ ಹಳೇ ದೃಶ್ಯ ಹುಡುಕಿಕೊಡುವುದು ಕಸುಬು. ಈ ಸೀಮೆಯ ರಾಜಕೀಯ ಚರಿತ್ರೆಯೆಲ್ಲ ಮದುವೆ ಕ್ಯಾಸೆಟ್ಟುಗಳಲ್ಲೇ ಇದೆ ಎಂಬುದು ಅವನ ವಾದ. ಸೊರಬದಿಂದ 1967ರಲ್ಲಿ ಗೆದ್ದ ಬಂಗಾರಪ್ಪ, ಶಿಕಾರಿಪುರದಿಂದ 1983ರಲ್ಲಿ ಗೆದ್ದ ಯಡಿಯೂರಪ್ಪ, ಇಬ್ಬರೂ ಮುಖ್ಯಮಂತ್ರಿಗಳಾದವರು. ಓಟು ಬೇಕಾದವರು ಮದುವೆ ತಪ್ಪಿಸುತ್ತಾರೆಯೇ? ದೂರದರ್ಶನದ ಕ್ಯಾಮೆರಾ ಬೆಂಗಳೂರಿನಿಂದ ಬರಬೇಕು, ಮದುವೆಯದು ಚಪ್ಪರದಲ್ಲೇ ಇರುತ್ತಿತ್ತು. ವಾದದಲ್ಲಿ ಹುರುಳಿದೆ ಅಂತ ನನಗೂ ಅನ್ನಿಸುತ್ತದೆ.

ವಿಎಚ್‌ಎಸ್ ಕ್ಯಾಸೆಟ್ ಕೈಗೆ ಬಂದರೆ ಮೊದಲು ಮುಚ್ಚಳ ಎತ್ತಿ, ಬೆಳಕಿಗೆ ಹಿಡಿದು ಬೂಷ್ಟು ನೋಡುತ್ತಾನೆ. ಮಲೆನಾಡಿನ ಮಳೆ ಉಪ್ಪಿನಕಾಯಿಯನ್ನೇ ಬಿಡುವುದಿಲ್ಲ, ಟೇಪ್ ಬಿಟ್ಟೀತೇ. ಆಮೇಲೆ ಬೆನ್ನಿನ ಮೂಲೆ ಸವರುತ್ತಾನೆ. ಅಲ್ಲಿನ ಪ್ಲಾಸ್ಟಿಕ್ ಚೂರು ಮುರಿದಿದ್ದರೆ ಅದರ ಮೇಲೆ ಇನ್ನೊಂದು ರೆಕಾರ್ಡ್ ಆಗುವುದಿಲ್ಲ. ಮುರಿದ ತೂತಿಗೆ ಯಾರೋ ಸೆಲ್ಲೋಟೇಪ್ ಅಂಟಿಸಿದ್ದರೆ ಮುಗಿಯಿತು, ಅಣ್ಣನ ಮುಖ ಕಪ್ಪಿಡುತ್ತದೆ.

ಆನವಟ್ಟಿಯ ಮನೆಯೊಂದರಲ್ಲಿ ಹಾಗೇ ಆಯಿತು. ನಾಯಕರು ಅಂಬಾಸಿಡರ್ ಇಳಿದರು, ಕೈ ಮುಗಿದರು, ಮಂಟಪದ ಮೆಟ್ಟಿಲಿಗೆ ಕಾಲಿಟ್ಟರು. ಅಷ್ಟರಲ್ಲಿ ಶಂಖ ಊದಿ, ಟಿವಿ ತುಂಬ ಕುರುಕ್ಷೇತ್ರ!

"ಭಾನುವಾರದ ಮಹಾಭಾರತ ಕಣಪ್ಪ. ನಮ್ಮನೆಯವ್ರು ರೆಕಾರ್ಡ್ ಮಾಡಿದ್ರು. ಖಾಲಿ ಕ್ಯಾಸೆಟ್ ಇರ್ಲಿಲ್ಲ. ಮದುವೆ ಹೆಂಗೂ ಆಗಿತ್ತಲ್ಲ" ಅಂದರು ಮನೆಯಮ್ಮ.

ಸಿಕ್ಕರೂ ಸುಖವಿಲ್ಲ, ಒಪ್ಪಿಗೆ ಪತ್ರಕ್ಕೆ ಸಹಿ ಬೀಳಬೇಕು. "ಹಾಕ್ತೀನಿ. ನಾಯಕರ ಪಕ್ಕ ನಿಂತಿರೋ ನಮ್ಮ ಭಾವನ್ನ ತೆಗೆದ್ಬಿಡಿ, ಆಸ್ತಿ ಕೇಸು ನಡೀತಿದೆ." ಮತ್ತೊಬ್ಬರಿಗೆ ಹರಿದ ಟೇಪಿನದೇ ದುಃಖ. ಅವರಿಗೆ ಅಣ್ಣನ ಸಮಾಧಾನ: "ಮೊದಲ ಕನ್ನಡ ಟಾಕಿ, 1934ರ 'ಸತಿ ಸುಲೋಚನಾ'ದ ಪ್ರಿಂಟೇ ಉಳಿದಿಲ್ಲ. ನಿಮ್ಮ ಧಾರೆ ಮುಹೂರ್ತ ಅರ್ಧವಾದರೂ ಉಳಿದಿದೆ, ಪುಣ್ಯವಂತರು!"

ಇಷ್ಟೆಲ್ಲ ಸಹಿಸುವ ಅಣ್ಣನಿಗೆ ಸಿಟ್ಟು ಬರುವುದು ಬೆಂಗಳೂರಿನ ಫೋನಿಗೆ.

"ಅಣ್ಣಾ, ಈಸೂರಿನ 1942ರ ದಂಗೆಯ ವಿಡಿಯೊ ಬೇಕಿತ್ತು. ಆದ್ರೆ ಕಲರ್‌ನಲ್ಲಿ."

"ಸಾರ್, ಆ ಊರಿನವ್ರು ಹುಡುಗ್ರನ್ನೇ ಅಮಲ್ದಾರ, ಸಬ್ ಇನ್‌ಸ್ಪೆಕ್ಟರ್ ಅಂತ ಕೂರಿಸಿ ಸ್ವಂತ ಸರ್ಕಾರ ನಡೆಸ್ತಿದ್ರು. ಆಮೇಲೆ ಐದು ಜನ ಗಲ್ಲಿಗೇರಿದ್ರು. ಶೂಟಿಂಗ್‌ಗೆ ಪುರುಸೊತ್ತೆಲ್ಲಿತ್ತು?"

"ಪರವಾಗಿಲ್ಲ ಬಿಡಿ, ಬೊಂಬಾಯಿ ಚಳವಳಿಯ ಒಂದು ಶಾಟ್ ನಮ್ಮ ಹತ್ರಾನೇ ಇದೆ. ಅದನ್ನೇ ಈಸೂರು ಅಂತ ಹಾಕ್ತೀವಿ."

ಅಣ್ಣ ಆ ಶಾಟ್ ತರಿಸಿ ನೋಡಿದ. ಮರುಕ್ಷಣವೇ ಫೋನ್ ಮಾಡಿದ. "ಸಾರ್, ಜನರ ಹಿಂದೆ ಟ್ರಾಮ್ ಹೋಗ್ತಿದೆ. ಈಸೂರಿಗೆ ಟ್ರಾಮ್ ಯಾವಾಗ ಬಂತು?"

ಆ ಕಡೆ ಸ್ವಲ್ಪ ಯೋಚನೆ ನಡೆಯಿತು.

"ಬ್ಲರ್ ಮಾಡ್ತೀವಿ ಅಣ್ಣಾ."