ನಿಮ್ಮೂರ ದೋಸೆ, ಅವರೂರ ಪುಡ್ಡಿಂಗು

ಒಂದು ಮಾತು ಕೇಳ್ತೀನಿ, ಬೇಜಾರು ಮಾಡ್ಕೋಬೇಡಿ. ಮದುವೆ ಮನೇಲಿ ಪಕ್ಕದ ಎಲೆಗೆ ಕೂತೋರನ್ನ ನೀವು ಮೊದಲು ಕೇಳೋದು ಏನನ್ನ? ಹೆಸರನ್ನಾ? ಎಲ್ಲಿ ಬಂತು! ‘ನಿಮ್ದು ಯಾವೂರಾಯ್ತು?’ ಅಂತ. ಅವರು ಬಾಯಿ ಬಿಡೋದರೊಳಗೆ ನಿಮ್ಮೂರಿನ ಹೆಸರು ನಿಮ್ಮ ನಾಲಿಗೆ ತುದೀಲಿ ಬಂದು ನಿಂತಿರುತ್ತೆ. (ಅವರು ಕೇಳದಿದ್ರೂ ಹೇಳ್ತೀರಿ, ಬಿಡಿ.)

ಇಂಗ್ಲೆಂಡಿನಲ್ಲಿ ನಿಮ್ಮಂಥೋರೇ ಸೇರ್ಕೊಂಡು ಇದಕ್ಕೆ ಅಂತಾನೇ ಒಂದು ದಿನ ಇಟ್ಕೊಂಡಿದ್ದಾರೆ. ಆಗಸ್ಟ್ 1, ಯಾರ್ಕ್‌ಷೈರ್ ಡೇ. ದೇಶದ ಹಬ್ಬ ಅಲ್ಲ, ಒಂದು ಕೌಂಟಿಯ ಹಬ್ಬ. ನಮ್ಮ ಲೆಕ್ಕದಲ್ಲಿ ಜಿಲ್ಲೆ ಅನ್ನಿ. (ಅವರ ಎದುರಿಗೆ ‘ಬರೀ ಜಿಲ್ಲೆ’ ಅಂದೀರಿ, ಜೋಕೆ. ತಮ್ಮದು ದೇವರ ಸ್ವಂತ ಕೌಂಟಿ ಅಂತ ಹೇಳ್ಕೊಳ್ಳೋ ಜನ.) ಅವತ್ತು ನೀಲಿ ಮೇಲೆ ಬಿಳಿ ಗುಲಾಬಿಯ ಬಾವುಟ ಏರುತ್ತೆ, ಊರೂರಿನ ಮೇಯರುಗಳು ಕೊರಳಿಗೆ ಸರ ಹಾಕ್ಕೊಂಡು ಮೆರವಣಿಗೆ ಹೊರಡ್ತಾರೆ.

ಈ ಹಬ್ಬ ಹುಟ್ಟಿದ್ದು ಮಾತ್ರ ಜಗಳದಿಂದ. ಯಾರ್ಕ್‌ಷೈರಿಗೆ ಬಹು ಕಾಲದಿಂದ ಮೂರು ಪಾಲು: ಉತ್ತರ, ಪೂರ್ವ, ಪಶ್ಚಿಮ ರೈಡಿಂಗ್. (ದಕ್ಷಿಣ ಯಾಕಿಲ್ಲ ಅಂತ ಕೇಳಬೇಡಿ. ಮೂರೇ ಅಂದ್ಮೇಲೆ ಮೂರೇ.) 1974ರಲ್ಲಿ ಸರ್ಕಾರ ಹೊಸ ಗೆರೆ ಎಳೀತು. ಪೂರ್ವದ ಜಾಗ ಬಹುಪಾಲು ಹಂಬರ್‌ಸೈಡ್ ಅನ್ನೋ ಹೊಸ ಕೌಂಟಿಗೆ ಹೋಯ್ತು. ಪಶ್ಚಿಮ ರೈಡಿಂಗಿನ ಸ್ಯಾಡಲ್‌ವರ್ತ್‌ನೋರು ಬೆಳಗ್ಗೆ ಎದ್ದು ನೋಡಿದ್ರೆ ತಾವು ಗ್ರೇಟರ್ ಮ್ಯಾಂಚೆಸ್ಟರ್!

ಸುಮ್ನಿರ್ತಾರಾ? ಮಾರನೇ ವರ್ಷವೇ, 1975ರಲ್ಲಿ, ಯಾರ್ಕ್‌ಷೈರ್ ರೈಡಿಂಗ್ಸ್ ಸೊಸೈಟಿ ಬೆವರ್ಲಿ ಪಟ್ಟಣದಲ್ಲಿ ಮೊದಲ ಯಾರ್ಕ್‌ಷೈರ್ ಡೇ ಮಾಡ್ತು. ಹಂಬರ್‌ಸೈಡ್ 1996ರಲ್ಲಿ ಅಂಗಡಿ ಮುಚ್ಕೊಂಡು ಹೋಯ್ತು. ಸ್ಯಾಡಲ್‌ವರ್ತ್‌ನೋರು ಈಗಲೂ ಮ್ಯಾಂಚೆಸ್ಟರ್ ಪಾಲಲ್ಲೇ ಇದ್ಕೊಂಡು ಆಗಸ್ಟ್ 1ಕ್ಕೆ ಬಿಳಿ ಗುಲಾಬಿ ಏರಿಸ್ತಾರೆ.

ನಗ್ತಿದ್ದೀರಾ? 1997ರಲ್ಲಿ ನಮಗೂ ಏಳು ಹೊಸ ಜಿಲ್ಲೆ ಬಂದ್ವಲ್ಲ, ಆಮೇಲೆ ನೀವೇನು ಮಾಡಿದ್ರಿ? ಹಾವೇರಿ, ಗದಗದೋರು ಬೆಂಗಳೂರಲ್ಲಿ ಇವತ್ತಿಗೂ ‘ನಾವು ಧಾರವಾಡ ಕಡೆಯೋರ್ರೀ’. ಪೇಡೆ ಮಾತು ಬಂದ್ರೆ ಧಾರವಾಡ, ಅನುದಾನದ ಮಾತು ಬಂದ್ರೆ ‘ನಮ್ದು ಬೇರೆ ಜಿಲ್ಲೆ’!

ಯಾರ್ಕ್‌ಷೈರಿನೋರು ಇನ್ನೂ ಗಟ್ಟಿ. ಅವರ ಕ್ರಿಕೆಟ್ ಟೀಮಿಗೆ ಸೇರಬೇಕಂದ್ರೆ ಅಲ್ಲೇ ಹುಟ್ಟಿರಬೇಕಿತ್ತು. ಬ್ಯಾಟ್ ಹಿಡಿಯೋಕೆ ಬರುತ್ತಾ ಅನ್ನೋದು ಆಮೇಲಿನ ಮಾತು. ದಿನ ತುಂಬಿದ ಹೆಂಡತೀನ ಅವಸರದಲ್ಲಿ ಗಡಿ ಈಚೆಗೆ ಕರ್ಕೊಂಡು ಬಂದ ಅಪ್ಪಂದಿರ ಕತೆಗಳು ಅಲ್ಲಿ ಬೇಕಾದಷ್ಟಿವೆ. (ನಮ್ಮಲ್ಲಿ ಚೊಚ್ಚಲ ಹೆರಿಗೆ ತವರಲ್ಲಿ. ಗಂಡನ ಊರಿನ ಟೀಮಿಗೆ ಹನ್ನೊಂದು ಜನ ಸಿಗೋದೇ ಕಷ್ಟವಾಗ್ತಿತ್ತು.)

1992ರಲ್ಲಿ ಕೊನೆಗೂ ಪಟ್ಟು ಸಡಿಲಿಸಿದ್ರು. ಆಸ್ಟ್ರೇಲಿಯಾದ ಕ್ರೇಗ್ ಮೆಕ್‌ಡರ್ಮಟ್ ಬರಬೇಕಿತ್ತು, ಗಾಯ ಮಾಡ್ಕೊಂಡ. ಆ ಜಾಗಕ್ಕೆ ಬಂದಿದ್ದು ಯಾರು ಹೇಳಿ? 19 ವರ್ಷದ ಸಚಿನ್ ತೆಂಡೂಲ್ಕರ್! ಹುಡುಗನ ತಲೆಗೆ ತಮ್ಮೂರ ಚಪ್ಪಟೆ ಟೋಪಿ ಇಟ್ಟು, ಕೈಗೊಂದು ಬಿಯರ್ ಗ್ಲಾಸು ಕೊಟ್ಟು ಫೋಟೋ ತೆಗೆಸಿದ್ರು. ಮುಸಿಮುಸಿ ನಗಬೇಡಿ, ವೇದಿಕೆ ಹತ್ತಿದ ಯಾರನ್ನಾದ್ರೂ ನೀವು ಮೈಸೂರು ಪೇಟ ಸುತ್ತದೆ ಕಳಿಸಿದ್ದುಂಟಾ?

ಲೆಕ್ಕದಲ್ಲೂ ಪಕ್ಕಾ ಜನ. 2012ರ ಲಂಡನ್ ಒಲಿಂಪಿಕ್ಸ್ ಮುಗೀತಿದ್ದ ಹಾಗೆ, ಯಾರ್ಕ್‌ಷೈರ್ ಒಂದು ದೇಶ ಆಗಿದ್ರೆ ಪದಕ ಪಟ್ಟೀಲಿ 12ನೇ ಸ್ಥಾನ ಅಂತ ಕೂಡಿಸಿ ಹೇಳಿದ್ರು. ನೀವು ಎಸ್ಸೆಸ್ಸೆಲ್ಸಿ ರಿಸಲ್ಟ್ ದಿನ ಜಿಲ್ಲಾವಾರು ಪಟ್ಟಿ ನೋಡ್ತೀರಲ್ಲ, ಅದೇ ಚಟ. (ಮನೇಲಿ ಪರೀಕ್ಷೆ ಬರೆಯೋರು ಯಾರೂ ಇಲ್ಲ. ಆದ್ರೂ ಪಕ್ಕದ ಜಿಲ್ಲೆ ಕೆಳಗಿದೆಯಾ ಅಂತ ಒಂದು ಸಲ ಕಣ್ಣಾಡಿಸ್ತೀರಿ.)

ಇನ್ನು ತಿಂಡಿ. ಯಾರ್ಕ್‌ಷೈರ್ ಪುಡ್ಡಿಂಗ್ ಅಂದ್ರೆ ಸಿಹಿ ಅಂದ್ಕೋಬೇಡಿ. ಮೈದಾ, ಮೊಟ್ಟೆ, ಹಾಲು ಕಲಸಿದ ಹಿಟ್ಟನ್ನ ಹೊಗೆಯಾಡೋ ಕೊಬ್ಬಿಗೆ ಸುರಿದು ಓವನ್ನಿಗೆ ಇಟ್ರೆ, ಅಂಚು ಉಬ್ಬಿ ಮೇಲೇರಿ ನಡುವೆ ಗುಳಿ ಬೀಳುತ್ತೆ. ಆ ಗುಳಿಗೆ ಗ್ರೇವಿ. ಹಿಂದೆಲ್ಲ ಮಾಂಸಕ್ಕೆ ಮುಂಚೆ ಇದನ್ನ ಬಡಿಸಿ ಹೊಟ್ಟೆ ತುಂಬಿಸ್ತಿದ್ರು, ಮಾಂಸ ಉಳೀಲಿ ಅಂತ. (ಹೋಳಿಗೆಗೆ ಮುಂಚೆ ಅನ್ನ ಒತ್ತಾಯ ಮಾಡೋ ನಿಮ್ಮ ಬೀಗರನ್ನ ನೆನೆಸ್ಕೊಂಡ್ರಾ?) 2008ರಲ್ಲಂತೂ ರಾಯಲ್ ಸೊಸೈಟಿ ಆಫ್ ಕೆಮಿಸ್ಟ್ರಿಯೇ, 4 ಇಂಚಿಗಿಂತ ಕುಳ್ಳಗಿದ್ರೆ ಅದು ಯಾರ್ಕ್‌ಷೈರ್ ಪುಡ್ಡಿಂಗೇ ಅಲ್ಲ ಅಂತ ತೀರ್ಪು ಕೊಡ್ತು.

ನೀವೂ ಜಡ್ಜೇ. ಬೆಂಗಳೂರಲ್ಲಿ ‘ದಾವಣಗೆರೆ ಬೆಣ್ಣೆ ದೋಸೆ’ ಅಂತ ಬೋರ್ಡು ಕಂಡ್ರೆ ಒಳಗೆ ನುಗ್ಗೋದು ತಿನ್ನೋಕಲ್ಲ, ತಪ್ಪು ಹಿಡಿಯೋಕೆ. ಅಂಚು ಮುರಿದು, ಬೆರಳಿಗೆ ಬೆಣ್ಣೆ ಎಷ್ಟು ಹತ್ತಿತು ನೋಡಿ, ಪಲ್ಯಕ್ಕೆ ಅರಿಶಿನ ಬಿದ್ದಿದೆಯಾ ಅಂತ ಬಗ್ಗಿ ನೋಡಿ, ‘ಊಹೂಂ, ಇಲ್ಲಿನ ನೀರೇ ಸರಿಯಿಲ್ಲ’ ಅಂತೀರಿ. ತಟ್ಟೆ ಮಾತ್ರ ಖಾಲಿ.

ಅಷ್ಟು ಪ್ರೀತಿಯ ಊರಿಗೆ ಹೋಗೋದು ಯಾವಾಗ ಸ್ವಾಮಿ? ಹಬ್ಬಕ್ಕೆ. ಎರಡನೇ ದಿನಕ್ಕೇ ಕರೆಂಟಿಲ್ಲ, ನೆಟ್‌ವರ್ಕಿಲ್ಲ ಅಂತ ವಾಪಸ್ ಬಸ್ಸಿಗೆ ಸೀಟು ಹುಡುಕ್ತೀರಿ. ಹೆದರಬೇಡಿ, ಯಾರ್ಕ್‌ಷೈರಿನೋರು ಆಗಸ್ಟ್ 1ಕ್ಕೆ ಓದೋ ಘೋಷಣೆಯ ಪ್ರಕಾರ ಅಲ್ಲಿ ಹುಟ್ಟಿದ್ರೂ ಸಾಕು, ಅಲ್ಲಿ ನೆಲೆಸಿ ನಿಷ್ಠೆಯಿಂದಿದ್ರೂ ಸಾಕು. ಹುಟ್ಟಿದ ಲೆಕ್ಕದಲ್ಲಿ ನೀವು ಪಾಸು.

ನಮ್ಮ ಕುಂದಾಪುರದೋರಂತೂ ಕಾಯ್ತಾ ಕೂರಲಿಲ್ಲ. ಜಿಲ್ಲೆಯೂ ಅಲ್ಲ, ಒಂದು ತಾಲ್ಲೂಕಿನ ಮಾತು. 2019ರಿಂದ ಆಸಾಡಿ ಅಮಾಸಿಗೆ ‘ವಿಶ್ವ ಕುಂದಾಪ್ರ ಕನ್ನಡ ದಿನ’! (ಆ ‘ವಿಶ್ವ’ ಗಮನಿಸಿದ್ರಾ?) ಹೊಟ್ಟೆಕಿಚ್ಚಾಯ್ತು ತಾನೆ? ಸರಿ, ನಿಮ್ಮ ಜಿಲ್ಲೆಗೂ ಒಂದು ದಿನ ಗೊತ್ತು ಮಾಡೋಣ, ವಾಟ್ಸಾಪ್ ಗ್ರೂಪು ಮಾಡಿ, ಅಧ್ಯಕ್ಷರನ್ನ ಆರಿಸೋಣ. ನೋಡಿದ್ರಾ, ಆಗಲೇ ಕೇಳಿದ್ರಿ: ‘ಅಧ್ಯಕ್ಷ ಯಾವ ತಾಲ್ಲೂಕಿನೋನು?’